ಯುಸ್ಟೀನಾ ಪಾತ್ರದಲ್ಲಿ ಸೀರಿ ಆಂಗೆರ್ಕೋಸ್ಕಿ
ಕಪ್ಪು-ಬಿಳುಪು ಸ್ಥಿರಚಿತ್ರ, ಫಿನ್‌ಲೆಂಡ್, 1950ರ ದಶಕ

ಸೊಂಟಕ್ಕೆ ಕೈಯಿಟ್ಟು ನಿಂತಿರುವ ಈ ಗೃಹಿಣಿ ಫಿನ್‌ಲೆಂಡಿನ ಮನೆಮನೆಗೂ ಪರಿಚಿತಳು. ಪಾತ್ರದ ಹೆಸರು ಯುಸ್ಟೀನಾ. ನಟಿಸಿದವರು ಸೀರಿ ಆಂಗೆರ್ಕೋಸ್ಕಿ (1902–1971).

ಉತ್ತರದ ಔಲು ನಗರದಲ್ಲಿ ಹುಟ್ಟಿದ ಸೀರಿ ರಂಗಭೂಮಿಯಲ್ಲಿ ಪಳಗಿ, 1930ರ ದಶಕದಲ್ಲಿ ಸಿನಿಮಾಕ್ಕೆ ಬಂದರು. ಅಡುಗೆಯವಳು, ಮನೆಗೆಲಸದವಳು, ಬಾಯಿಜೋರಿನ ಹೆಂಡತಿ: ಇಂಥ ಪೋಷಕ ಪಾತ್ರಗಳಿಗೆ ಅವರು ಜೀವ ತುಂಬಿದರು. ಆ ಕಾಲದ ದೊಡ್ಡ ಸ್ಟುಡಿಯೋಗಳು ವರ್ಷವಿಡೀ ಚಿತ್ರ ತಯಾರಿಸುತ್ತಿದ್ದವು. ಅದೇ ಪೋಷಕ ನಟರು ಚಿತ್ರದಿಂದ ಚಿತ್ರಕ್ಕೆ ಮರಳಿ ಬರುತ್ತಿದ್ದರು, ಪ್ರೇಕ್ಷಕರು ಅವರನ್ನು ಮನೆಯವರಂತೆ ಗುರುತಿಸುತ್ತಿದ್ದರು.

ಓಲಾ ಫೋಗೆಲ್‌ಬೆರ್ಗ್ 1925ರಲ್ಲಿ ಆರಂಭಿಸಿದ ವ್ಯಂಗ್ಯಚಿತ್ರ ಮಾಲಿಕೆಯೇ ಯುಸ್ಟೀನಾ ಕಾಣಿಸಿಕೊಳ್ಳುವ ಪೆಕ್ಕಾ ಪೂಪ್ಯಾ ಚಿತ್ರಗಳ ಮೂಲ. ಟಿ. ಜೆ. ಸ್ಯಾರ್ಕ್ಯಾ ಅವರ ಸುವೋಮೆನ್ ಫಿಲ್ಮಿತೆವೊಲ್ಲಿಸೂಸ್ ಸಂಸ್ಥೆ 1953ರಿಂದ 1960ರವರೆಗೆ ಇಂಥ 13 ಹಾಸ್ಯಚಿತ್ರಗಳನ್ನು ತಯಾರಿಸಿತು. ಹೆಚ್ಚಿನವನ್ನು ನಿರ್ದೇಶಿಸಿದವರು ಅರ್ಮಾಂಡ್ ಲೋಹಿಕೋಸ್ಕಿ. ಪೆಕ್ಕಾನಾಗಿ ಎಸಾ ಪಕಾರಿನೆನ್, ಅವನ ಕುಳ್ಳ ಗೆಳೆಯ ಪ್ಯಾಟ್ಕಾನಾಗಿ ಮಾಸಾ ನಿಯೆಮಿ ನಟಿಸಿದರು. ಇಬ್ಬರೂ ಸೇರಿ ಎಡವಟ್ಟು ಮಾಡುತ್ತಾರೆ. ಪೆಕ್ಕಾನ ಹೆಂಡತಿ ಯುಸ್ಟೀನಾ ಅವರನ್ನು ಹದ್ದುಬಸ್ತಿನಲ್ಲಿಡುತ್ತಾಳೆ. ಅವಳ ಸಿಟ್ಟು ಖಚಿತವಾಗಿದ್ದರೆ ಮಾತ್ರ ಅವರ ಪೇಚಾಟ ನಗು ತರಿಸುತ್ತದೆ. ಆ ಭಾರ ಹೊತ್ತದ್ದು ಸೀರಿ ಅವರ ಅಭಿನಯ.

ಗಮನಿಸಿ: ಅವರ ಕೈಯಲ್ಲಿರುವ ಮರದ ಲಟ್ಟಣಿಗೆ ಯುಸ್ಟೀನಾಳ ಗುರುತು. ಅದನ್ನು ಎತ್ತಿದರೆ ಸಾಕು, ಮುಂದೇನಾಗುವುದೆಂದು ಪ್ರೇಕ್ಷಕರಿಗೆ ತಿಳಿಯುತ್ತಿತ್ತು. ಬಳಿಕ ಮುಖ ನೋಡಿ: ಬಿಗಿದ ತುಟಿ, ನೆಟ್ಟ ನೋಟ. ಒಂದೂ ಮಾತಿಲ್ಲದೆ ಇಡೀ ದೃಶ್ಯವನ್ನು ತನ್ನತ್ತ ಸೆಳೆದುಕೊಳ್ಳುವ ಪೋಷಕ ನಟಿಯ ಕಸುಬುಗಾರಿಕೆ ಇಲ್ಲಿದೆ.