ಯಾರು ಹೆಚ್ಚು? ಹರದೇಶಿ-ನಾಗೇಶಿ ಪದದೊಳಗಿನ ಕಾಳಗಗಳು

ಹೋದ ದೀಪಾವಳಿಗೆ ನನ್ನ ಮೊಮ್ಮಗ ಹೈದರಾಬಾದಿನಿಂದ ಊರಿಗೆ ಬಂದಿದ್ದ. ನಾನು ತೊಗರಿಗೆ ಔಷಧ ಹೊಡೆದು ಬಂದು ಕೈಕಾಲು ತೊಳೀತಿದ್ದೆ. ಅವನು ಕಟ್ಟಿ ಮ್ಯಾಲ ಕುಂತು ಗೆಳೆಯನ ಜೋಡಿ ಜಗಳಕ್ಕ ಬಿದ್ದಿದ್ದ. ಹೊಲದ ಜಗಳ ಅಲ್ಲ, ರೊಕ್ಕದ್ದಲ್ಲ. ಸೂಪರ್‌ಮ್ಯಾನ್ ಅಂಬವನಿಗೂ ಹಲ್ಕ್ ಅಂಬವನಿಗೂ ಕಾಳಗ ಬಿದ್ದರೆ ಯಾರು ಗೆಲ್ಲತಾರ ಅನ್ನೋದು. ಅವನು ಒಂದು ಕಂಪನಿಯ ಕಥೆಯವ, ಇವನು ಮತ್ತೊಂದು ಕಂಪನಿಯ ಕಥೆಯವ. ಇಬ್ಬರ ಲೋಕವೇ ಬ್ಯಾರೆ ಅಂತ. ನನ್ನ ಕಡೆ ತಿರುಗಿ, “ಮುತ್ಯಾ, ನೀ ಹೇಳು, ನಮ್ಮ ಹನುಮಪ್ಪ ನಡುವ ಬಂದ್ರ ಇವರಿಬ್ಬರದು ಏನಾಗ್ತದ?” ಅಂದ.

ನನಗೆ ನಗು ಬಂತು. ಈ ಜಗಳ ನಾನು ಹದಿನೇಳರ ಹರೆಯದಿಂದ ಮಾಡಿದವನು. ದಪ್ಪು ಬಡಕೊಂಡು, ಬೆಳತನಕ, ಊರ ಮಂದಿ ಮುಂದೆ ಮಾಡಿದವನು. ವಾಚನಾಲಯದವರು ಈ ಪುಸ್ತಕಕ್ಕ ಏನರ ಹಳೇ ವಿಷಯ ಬರೀರಿ ಅಂದಾಗ ಇದನ್ನೇ ಬರೀಬೇಕು ಅನ್ನಿಸಿತು. ನಾನು ಏಳನೇ ತರಗತಿಯವ, ತಪ್ಪಿದ್ದರೆ ತಿದ್ದಿಕೊಂಡು ಓದಬೇಕು.

ನಮ್ಮ ಸೀಮೆಯ ಮಾತು ಮೊದಲು. ಜಹೀರಾಬಾದ, ನಾರಾಯಣಖೇಡ ತಾಲೂಕುಗಳು ನಿಜಾಮನ ಕಾಲದಲ್ಲಿ ಬೀದರ ಜಿಲ್ಲೆಯೊಳಗಿದ್ದವು. ತಾಂಡೂರು ಗುಲಬರ್ಗಾ ಜಿಲ್ಲೆಯೊಳಗಿತ್ತು. 1956ರ ನವೆಂಬರ್ 1ಕ್ಕೆ ರಾಜ್ಯಗಳನ್ನು ಭಾಷೆ ನೋಡಿ ಹಂಚಿದಾಗ ನಿರ್ಣಾ ಸರ್ಕಲ್ ಬಿಟ್ಟು ಜಹೀರಾಬಾದ ತಾಲೂಕು, ಬೀದರ ತಾಲೂಕಿನ ನ್ಯಾಲಕಲ್ ಸರ್ಕಲ್, ನಾರಾಯಣಖೇಡ, ತಾಂಡೂರು ಎಲ್ಲ ಆಂಧ್ರಪ್ರದೇಶಕ್ಕ ಬಂದವು. 2014ರಲ್ಲಿ ತೆಲಂಗಾಣ ಆಯಿತು. ಕಾಗದದೊಳಗ ಗೆರೆ ಬಿತ್ತು ಖರೆ, ಆದರ ಜಾತ್ರಿಗೆ ಹಾಡೋ ಮೇಳಗಳು ಗೆರೆ ನೋಡಲಿಲ್ಲ. ಚಿಂಚೋಳಿ ಕಡೆಯವರು ಇಲ್ಲಿಗೆ ಬರ್ತಿದ್ದರು, ನಾವು ಹುಮನಾಬಾದ, ಬಸವಕಲ್ಯಾಣದ ಕಡೆಗೆ ಹೋಗ್ತಿದ್ದೆವು.

ಹರದೇಶಿ-ನಾಗೇಶಿ ಅಂದರೆ ಗೀಗೀ ಪದದ ಎದುರು-ಬದರು ಹಾಡಿಕೆ. ಹರದೇಶಿಯವರು ಶಿವ ಹೆಚ್ಚು, ಗಂಡು ಹೆಚ್ಚು ಅಂತ ಹಾಡಬೇಕು. ನಾಗೇಶಿಯವರು ಶಕ್ತಿ ಹೆಚ್ಚು, ಹೆಣ್ಣು ಹೆಚ್ಚು ಅಂತ ಹಾಡಬೇಕು. ಮುಂದಿನವ ದಪ್ಪು ಹಿಡೀತಾನ, ಹಿಂದಿನವರು ತುಂತುಣಿ, ತಾಳ ಹಿಡಿದು ಸೊಲ್ಲು ಎತ್ತತಾರ. ಇದಕ್ಕ ಕಲ್ಗಿ-ತುರಾಯಿ ಅಂತ ಇನ್ನೊಂದು ಹೆಸರು. ನನ್ನ ಗುರು ಹೇಳ್ತಿದ್ದ ಕಥೆ ಏನಂದರೆ, ತುಕನಗೀರ ಅಂಬ ಗೋಸಾವಿ, ಶಾಹ ಅಲಿ ಅಂಬ ಫಕೀರ, ಇಬ್ಬರೂ ರಾಜನ ಮುಂದೆ ವಾದ ಹಾಡಿದರು. ಯಾರೂ ಸೋಲಲಿಲ್ಲ. ರಾಜ ತನ್ನ ಮುಂಡಾಸದ ತುರಾಯಿ ಒಬ್ಬನಿಗೆ, ಕಲ್ಗಿ ಒಬ್ಬನಿಗೆ ಕೊಟ್ಟ. ಅದು ಉತ್ತರದ ಕಡೆಯ ಮಾತು. ಮರಾಠಿ ಸೀಮೆ ದಾಟಿ ನಮ್ಮ ತನಕ ಬಂತು ಅಂತಾರ.

ಈ ಹಾಡಿಕೆಯೊಳಗ ಒಂದು ಕಾನೂನು ಇತ್ತು. ಬರೇ “ನಮ್ಮವ ದೊಡ್ಡವ” ಅಂದರೆ ಮಂದಿ ಸೀಟಿ ಹೊಡೆದು ಕೂಡಸ್ತಿದ್ದರು. ಆಧಾರ ಕೊಡಬೇಕು. ಯಾವ ಪುರಾಣ, ಯಾವ ಪರ್ವ, ಯಾವ ಸಂಧಿ. ಮೊಮ್ಮಗನೂ ಗೆಳೆಯನಿಗೆ ಅದನ್ನೇ ಕೇಳ್ತಿದ್ದ, ಯಾವ ಪುಸ್ತಕದಾಗ ಹಂಗದ ತೋರಿಸು ಅಂತ.

ಬ್ಯಾರೆ ಬ್ಯಾರೆ ಕಥೆಯ ಬಲವಂತರನ್ನು ಎದುರುಬದರು ನಿಲ್ಲಿಸೋದು ನಮ್ಮಲ್ಲಿ ಹೊಸದಲ್ಲ. ಗಣೇಶ ಚೌತಿಯ ಸ್ಯಮಂತಕ ಮಣಿಯ ಕಥಿ ಎಲ್ಲರಿಗೂ ಗೊತ್ತು. ಜಾಂಬವಂತ ರಾಮನ ದಂಡಿನವ, ಕೃಷ್ಣ ಮುಂದಿನ ಯುಗದವ. ಗವಿಯೊಳಗ ಇಬ್ಬರಿಗೂ 28 ದಿನ ಕಾಳಗ ನಡೀತು ಅಂತ ಭಾಗವತ ಹೇಳತದ. ಕಡೀಕ ಜಾಂಬವಂತ ಕೈಮುಗಿದ, ಯಾಕಂದ್ರ ಎದುರಿಗಿದ್ದವ ಅವನ ರಾಮನೇ. ಭಾರತದ ವನಪರ್ವದೊಳಗ ಭೀಮ ಸೌಗಂಧಿಕ ಹೂ ತರಲಿಕ್ಕೆ ಹೋದಾಗ ಮುದಿ ಮಂಗ್ಯಾನ ಬಾಲ ಎತ್ತಲಾರದೆ ಬೆವತ. ರಾಮಾಯಣದ ಹನುಮ, ಭಾರತದ ಭೀಮ, ಇಬ್ಬರೂ ವಾಯುವಿನ ಮಕ್ಕಳು. ಅರ್ಜುನ ಬಾಣದ ಸೇತುವೆ ಕಟ್ಟಿ ಹನುಮನಿಗೆ ಸವಾಲು ಹಾಕಿದ ಕಥಿ ವ್ಯಾಸರ ಭಾರತದಾಗ ಇಲ್ಲ, ಆಟದವರ ಬಾಯಾಗ ಅದ.

ಕೃಷ್ಣಾರ್ಜುನ ಕಾಳಗವೂ ಹಂಗೇ, ವ್ಯಾಸರದ್ದಲ್ಲ. ಗಯ ಅಂಬ ಗಂಧರ್ವ ಆಕಾಶದಾಗ ಹೋಗುವಾಗ ಎಲೆಅಡಿಕೆ ಉಗುಳಿದ. ಅದು ಅರ್ಘ್ಯ ಕೊಡೋ ಕೃಷ್ಣನ ಬೊಗಸಿಯೊಳಗ ಬಿತ್ತು. ಇವನ ತಲೆ ತೆಗಿತೀನಿ ಅಂತ ಕೃಷ್ಣ ಆಣೆ ಮಾಡಿದ. ಯಾರಿಂದ ಜೀವಭಯ ಅಂತ ಕೇಳದೆ ಅರ್ಜುನ ಗಯನಿಗೆ ಅಭಯ ಕೊಟ್ಟುಬಿಟ್ಟ. ಈಗ ಇಬ್ಬರೂ ಮಾತಿಗೆ ಬಿದ್ದವರು. 1963ರಲ್ಲಿ ಇದರ ತೆಲುಗು ಸಿನೆಮಾ ಬಂತು, ರಾಮರಾವ್ ಕೃಷ್ಣ, ನಾಗೇಶ್ವರರಾವ್ ಅರ್ಜುನ. ನಾನು ಅದನ್ನು ಎಷ್ಟೋ ವರ್ಷದ ಮ್ಯಾಲ ಟೆಂಟಿನೊಳಗ ನೋಡಿದೆ. ರಾಮರಾವ್ ಅಭಿಮಾನಿಗಳು ಒಂದು ಕಡಿ, ನಾಗೇಶ್ವರರಾವ್ ಅಭಿಮಾನಿಗಳು ಒಂದು ಕಡಿ ಕುಂತಿದ್ದರು. ಪಡದೆ ಮ್ಯಾಲ ಶಿವ ಬಂದು ಬಿಡಿಸಿದ, ಟೆಂಟಿನೊಳಗ ಬಿಡಸಲಿಕ್ಕೆ ಪೊಲೀಸರು ಬರಬೇಕಾಯಿತು.

ಇದನ್ನೆಲ್ಲ ಮೊಮ್ಮಗನಿಗೆ ಹೇಳಿದಾಗ ಅವನೂ ಒಂದು ಹೇಳಿದ. 1976ರಲ್ಲಿ ಅಮೆರಿಕದ ಆ ಎರಡೂ ಕಂಪನಿ ಕೂಡಿ ಸೂಪರ್‌ಮ್ಯಾನಿಗೂ ಸ್ಪೈಡರ್‌ಮ್ಯಾನಿಗೂ ಕಾಳಗ ಹಚ್ಚಿ ಪುಸ್ತಕ ತೆಗೆದರಂತೆ. ಮೊದಲು ತಪ್ಪು ತಿಳಕೊಂಡು ಬಡಿದಾಡತಾರ, ಆಮ್ಯಾಲ ಕೂಡಿಕೊಂಡು ದುಷ್ಟರನ್ನು ಹಿಡೀತಾರ. “ಅದು ನಮ್ಮ ಗಯನ ಕಥಿನೇ ಆತಲ್ಲೋ” ಅಂದೆ. ಇಬ್ಬರೊಳಗ ಒಬ್ಬ ಸೋತರೆ ಅರ್ಧ ಮಂದಿ ಮುನಿಸ್ಕೋತಾರ. ಕಥಿ ಕಟ್ಟೋನು ಎಲ್ಲಿದ್ದರೂ ಅವನಿಗೆ ಆ ಭಯ ಇದ್ದೇ ಇರ್ತದ.

ಆದರೆ ಎಲ್ಲ ಕಾಲಕ್ಕೂ ಹಿಂಗ ರಾಜಿ ಆಗಲಿಲ್ಲ. ನರಸಿಂಹ ಹಿರಣ್ಯಕಶಿಪುವನ್ನು ಸೀಳಿದ. ಶಿವನ ಕಡೆಯವರು, ಆ ನರಸಿಂಹನ ಸೊಕ್ಕು ಶರಭ ಮುರಿದ ಅಂದರು. ವಿಷ್ಣುವಿನ ಕಡೆಯವರು, ಆ ಶರಭನನ್ನು ಎರಡು ತಲೆಯ ಗಂಡಭೇರುಂಡ ಹರಿದು ಹಾಕಿತು ಅಂದರು. ಒಬ್ಬರ ಮ್ಯಾಲ ಒಬ್ಬರು ಮೆಟ್ಟಿಲು ಕಟ್ಟಿದಂಗ. ವಾಚನಾಲಯದ ಹುಡುಗರು ಬಸ್ಸು ಮಾಡಿಕೊಂಡು ಬೇಲೂರಿಗೆ ಹೋದಾಗ ನಾನೂ ಹೋಗಿದ್ದೆ. 1117ರಲ್ಲಿ ವಿಷ್ಣುವರ್ಧನ ಪ್ರತಿಷ್ಠೆ ಮಾಡಿಸಿದ ಗುಡಿ. ಅಲ್ಲಿ ಗೋಡೆ ಮ್ಯಾಲ ಒಂದು ಸಣ್ಣ ಕೆತ್ತನೆ ಅದ. ಜಿಂಕೆಯನ್ನು ಹಾವು ನುಂಗತದ, ಹಾವನ್ನು ಆನೆ ಹಿಡೀತದ, ಆನೆ ಮ್ಯಾಲ ಸಿಂಹ, ಸಿಂಹದ ಮ್ಯಾಲ ಶರಭ, ಶರಭನ ಮ್ಯಾಲ ಗಂಡಭೇರುಂಡ. ಬಾಜೂಕ ಒಬ್ಬ ಮುನಿ ಬೆರಗಾಗಿ ನೋಡಿಕೋತ ಕುಂತಾನ. ನಮ್ಮ ಜಾತ್ರಿಯ ಮಂದಿ ಮಾರಿ ಹಂಗೇ ಇರ್ತಿತ್ತು.

ಇನ್ನು ಪಂಪ. ಅವನು ಇದ್ದದ್ದು ನಮ್ಮ ಈಗಿನ ತೆಲಂಗಾಣದ ವೇಮುಲವಾಡದ ಅರಸನ ಆಸ್ಥಾನದೊಳಗ ಅಂತ ನಮ್ಮ ಹುಡುಗರಿಗೆ ಹೇಳಿದರೆ ನಂಬೋದಿಲ್ಲ. 941ರ ಸುಮಾರಿಗೆ ಭಾರತ ಬರೆದು, ತನ್ನ ಅರಸ ಅರಿಕೇಸರಿಯನ್ನೇ ಅರ್ಜುನ ಮಾಡಿ ನಿಲ್ಲಿಸಿದ. ಉಣ್ಣೋ ಉಸಿರಾಡೋ ಮನುಷ್ಯನನ್ನ ತಗೊಂಡು ಕುರುಕ್ಷೇತ್ರದೊಳಗ ಇಳಿಸಿದ. ಇದಕ್ಕಿಂತ ದೊಡ್ಡ ಜಿಗಿತ ಯಾವ ಕಂಪನಿಯೂ ಮಾಡಿಲ್ಲ.

ಈಗ ನನ್ನ ಕಳವು ಹೇಳಬೇಕು. 1986ರ ಒಂದು ಜಾತ್ರಿ. ನಾನು ಹರದೇಶಿ ಮೇಳದ ಮುಂದಿನ ಹಾಡುಗಾರ. ಎದುರಿಗೆ ಚಿಂಚೋಳಿ ಕಡೆಯ ನಾಗೇಶಿ ಮೇಳ. ಅದರ ಹೆಣ್ಣುಮಗಳು ನನಗಿಂತ ಹತ್ತು ವರ್ಷ ಹಿರಿಯಳು, ನಾನು ಅಕ್ಕಾ ಅಂತಿದ್ದೆ. ಆಕಿಗೆ ಅಕ್ಷರ ಬರ್ತಿರಲಿಲ್ಲ. ಮಗನ ಕಡಿಂದ ಓದಿಸಿ ಕೇಳಿ ಕೇಳಿ ಭಾರತ ಬಾಯಿಪಾಠ ಮಾಡಿದ್ದಳು. ರಾತ್ರಿ ಮೂರರ ಸುಮಾರಿಗೆ ಆಕಿ ಸವಾಲು ಹಾಕಿದಳು: ಭೀಮ ಎತ್ತಲಾರದ ಬಾಲದ ಹನುಮ ಅರ್ಜುನನ ಧ್ವಜದ ಮ್ಯಾಲ ಹದಿನೆಂಟು ದಿನ ಕುಂತ. ಇಳಿದು ಒಂದು ಏಟು ಹಾಕಿದ್ರ ಕೌರವರು ಉಳೀತಿದ್ದಿಲ್ಲ. ಯಾಕ ಇಳೀಲಿಲ್ಲ?

ನನಗೆ ಉತ್ತರ ಗೊತ್ತಿರಲಿಲ್ಲ. ದಪ್ಪು ಬಡೀತಾ ಹೊತ್ತು ಕಳೆದೆ. ಆಮ್ಯಾಲ ಧೈರ್ಯ ಮಾಡಿ, ಶಿವ ಬಂದು ಹನುಮನ ಕೈ ಹಿಡಿದ, ಹನುಮ ಶಿವನ ಅಂಶ ಅಲ್ಲೇನು, ಇದು ರುದ್ರಪರ್ವದೊಳಗ ಅದ ಅಂತ ಹಾಡಿದೆ. ಮಂದಿ ಹೋ ಅಂದರು. ಊರ ಗೌಡರು ರುಮಾಲು ಸುತ್ತಿ ಕಾಯಿ ಕೊಟ್ಟರು. ಆಕಿ ನನ್ನ ಮಾರಿ ನೋಡಿದಳು, ಸುಮ್ಮನಾದಳು. ಬೆಳಗ್ಗೆ ಎರಡೂ ಮೇಳದವರು ಕೂಡಿ ಮಂಗಳ ಹಾಡಿದೆವು.

ಚಹಾ ಕುಡಿಯೋವಾಗ ನನ್ನ ಹತ್ತಿರ ಬಂದು ಸಣ್ಣ ದನಿಯಲ್ಲಿ ಹೇಳಿದಳು: “ತಮ್ಮಾ, ನಮ್ಮೂರ ಭಾರತದಾಗ ಹದಿನೆಂಟೇ ಪರ್ವ ಅವ. ನಿಮ್ಮೂರಾಗ ಹತ್ತೊಂಬತ್ತು ಇದ್ರ ಆ ಪುಸ್ತಕ ಕಳಸಿಕೊಡು. ಓದಿಸಿ ಕೇಳ್ತೀನಿ.”

ರುಮಾಲು ತಲೆ ಮ್ಯಾಲಿತ್ತು. ತೆಗೆದು ಚೀಲಕ್ಕ ಹಾಕಿದೆ. ಮಂದಿ ಮುಂದೆ ಅಂದಿದ್ದರೆ ನನ್ನ ಮೇಳ ಆವತ್ತೇ ಮುಗೀತಿತ್ತು, ಆಕಿ ಅನ್ನಲಿಲ್ಲ. ಆ ವರ್ಷ ರಾಶಿ ಮುಗಿದ ಮ್ಯಾಲ ನಾನು ವಾಚನಾಲಯಕ್ಕ ಬರಲಿಕ್ಕೆ ಹತ್ತಿದ್ದು. ಕುಮಾರವ್ಯಾಸ ನನಗೆ ಗಟ್ಟಿ ಬಿದ್ದ. ಲಕ್ಷ್ಮೀಶನ ಜೈಮಿನಿ ಭಾರತವನ್ನು ಮಾಸ್ತರರ ಹತ್ತಿರ ಕುಂತು ಒಂದು ಮಳೆಗಾಲ ಓದಿದೆ.

ಆಮೇಲೆ ಎಷ್ಟೋ ವರ್ಷ ಎದುರು ಹಾಡಿದೆವು. ನಾನು ಮತ್ತ ಸುಳ್ಳು ಆಧಾರ ಕೊಡಲಿಲ್ಲ, ಬಹಳ ಸಲ ಸೋತೆ. ಕಡೆಯ ಸಲ ಹಾಡಿದಾಗ ಜಾತ್ರಿಯ ಮಂದಿ ಅರ್ಧಕ್ಕಿಂತ ಹೆಚ್ಚು ಆರ್ಕೆಸ್ಟ್ರಾದ ಕಡೆಗಿದ್ದರು. ನಮ್ಮ ಮುಂದೆ ಮೂವತ್ತು ನಾಲ್ವತ್ತು ಮುದುಕರು. ಅವತ್ತು ಬಭ್ರುವಾಹನನ ಕಾಳಗ ಬಂತು. ರಾಜಕುಮಾರ್ ಎರಡೂ ಪಾತ್ರ ಮಾಡಿದ 1977ರ ಸಿನೆಮಾದಿಂದ ಆ ಕಥಿ ಎಲ್ಲರಿಗೂ ಗೊತ್ತು. ಜೈಮಿನಿಯೊಳಗ, ತಾಯಿ ಮಾತು ಕೇಳಿ ಬಭ್ರುವಾಹನ ಕಾಣಿಕೆ ಹಿಡಕೊಂಡು ತಂದಿಗೆ ಅಡ್ಡ ಬೀಳತಾನ. ಅರ್ಜುನ ಅವನನ್ನ ಒದ್ದು, ನೀ ನನ್ನ ಮಗ ಅಲ್ಲ ಅಂತಾನ. ಕಾಳಗದಾಗ ಮಗ ತಂದಿಯ ತಲೆ ಹಾರಿಸ್ತಾನ. ಪಾತಾಳದ ಮಣಿ ತಂದು ಬದುಕಿಸೋದು ಆಮ್ಯಾಲಿನ ಮಾತು. ನಾನು ಗಾಂಡೀವ, ಪಾಶುಪತ ಎಲ್ಲ ಹಾಡಿ, ಮಗ ಗೆದ್ದರೂ ತಂದಿ ರಕ್ತವೇ ಗೆದ್ದಂಗ, ಅದಕ್ಕ ಗಂಡೇ ಹೆಚ್ಚು ಅಂದೆ. ಆಕಿ ಎದ್ದು ಒಂದೇ ನುಡಿ ಕೇಳಿದಳು: ತಲೆ ಉರುಳಿದ ಮ್ಯಾಲ, ಮಣಿ ಬರೋ ಮೊದಲು, ಆ ಹೊತ್ತಿನಾಗ ಚಿತ್ರಾಂಗದಿ ಗೆದ್ದಳೋ ಸೋತಳೋ?

ಉತ್ತರ ಮುಂದಿನ ಜಾತ್ರಿಗೆ ಕೊಡ್ತೀನಿ ಅಕ್ಕಾ ಅಂದೆ. ಮುಂದಿನ ಜಾತ್ರಿಗೆ ಕರೋನಾ ಬಂತು, ಮೇಳ ಕರೆಯಲಿಲ್ಲ. ಆ ವರ್ಷವೇ ಆಕಿ ತೀರಿಕೊಂಡಳು. ಮಣ್ಣಿಗೆ ಹೋಗಲಿಕ್ಕೂ ಆಗಲಿಲ್ಲ, ದಾರಿ ಬಂದ್ ಇದ್ದವು.

ಮೊಮ್ಮಗನಿಗೆ ಈ ಸವಾಲು ಹೇಳಿದೆ. ಅವನು ತೆಲುಗು ಓದಿದವ, ಕನ್ನಡ ಬರೇ ಮಾತಾಡ್ತಾನ. ಸ್ವಲ್ಪ ಹೊತ್ತು ವಿಚಾರ ಮಾಡಿ, “ಆಕಿ ಫೈಟರ್ ಅಲ್ಲ ಮುತ್ಯಾ, ಆಕೀದು ಪವರ್ ಏನದ? ಲೆಕ್ಕಕ್ಕ ಬರೋದಿಲ್ಲ” ಅಂದ. ಇದೇ ಮಾತು ನಾನೂ ಹಾಡಿದ್ದರೆ ಆಕಿ ಬೆಳತನಕ ಬಿಡ್ತಿರಲಿಲ್ಲ.

ಉತ್ತರಕ್ಕ ಒಂದು ನುಡಿ ಕಟ್ಟೀನಿ. ಎರಡನೇದು ಕೂಡವಲ್ದು. ಎದುರಿಗೆ ಕೇಳೋರು ಇಲ್ಲದೆ ಈ ಪದ ಕಟ್ಟಲಿಕ್ಕೆ ಬರೋದಿಲ್ಲ. ಚಿಂಚೋಳಿ, ಬೀದರ ಕಡಿ ನಾಗೇಶಿ ಹಾಡೋರು ಯಾರಿಗಾದರೂ ಈ ಪುಸ್ತಕ ಸಿಕ್ಕರೆ ವಾಚನಾಲಯಕ್ಕ ಒಂದು ಮಾತು ಹೇಳಿ ಕಳಸಬೇಕು. ನನ್ನ ದಪ್ಪಿನ ಚರ್ಮ ಇನ್ನೂ ಬಿಗಿ ಅದ.