ಮುತ್ತೆತ್ತಿದ ವೀರನೂ ಅಂಗೈಗೆ ಇಳಿದ ವೀರರೂ

ಮಳವಳ್ಳಿ ತಾಲ್ಲೂಕಿನ ಮುತ್ತತ್ತಿಗೆ ಹೋದವರಿಗೆ ಮೊದಲು ಎದುರಾಗುವುದು ಕಾಡು, ಆಮೇಲೆ ಕಾವೇರಿ, ಅದರ ದಡದಲ್ಲಿ ಆಂಜನೇಯನ ಗುಡಿ. ಸುತ್ತಲ ಹಳ್ಳಿಗಳ ಜನ ಈ ದೇವರನ್ನು ಮುತ್ತೆತ್ತಿರಾಯ ಎನ್ನುತ್ತಾರೆ. ಸೀತೆ ಇಲ್ಲಿ ನದಿಯಲ್ಲಿ ಮೀಯುವಾಗ ಮೂಗುತಿಯ ಮುತ್ತು ನೀರಿಗೆ ಬಿತ್ತಂತೆ. ಆಕೆಯ ಕಳವಳ ಕಂಡ ಹನುಮಂತ ತನ್ನ ಬಾಲವನ್ನು ಮಡುವಿಗೆ ಇಳಿಬಿಟ್ಟು, ನೀರು ಕಲಕಿ, ಮುತ್ತನ್ನು ಎತ್ತಿಕೊಟ್ಟನಂತೆ. ಮುತ್ತು ಎತ್ತಿದವನು ಮುತ್ತೆತ್ತಿರಾಯನಾದ. ಊರಿಗೂ ಅದೇ ಹೆಸರು ನಿಂತಿತು. 1929ರಲ್ಲಿ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರಿಗೆ ಹುಟ್ಟಿದ ಮಗನಿಗೂ ಈ ದೇವರ ಹೆಸರನ್ನೇ ಇಟ್ಟರು. ಆ ಮುತ್ತುರಾಜ ಮುಂದೆ ರಾಜ್‌ಕುಮಾರ್ ಆದದ್ದು ಕನ್ನಡಿಗರಿಗೆಲ್ಲ ಗೊತ್ತಿರುವ ಸಂಗತಿ.

ಈಚೆಗೆ ನಾವು ಅಲ್ಲಿಗೆ ಹೋದಾಗ ಗುಡಿಯ ಹತ್ತಿರದ ಕಟ್ಟೆಯ ಮೇಲೆ ಒಬ್ಬ ಹುಡುಗ ಮೊಬೈಲ್ ಹಿಡಿದು ಕೂತಿದ್ದ. ಪರದೆಯ ಮೇಲೆ ಮುಸುಕುಧಾರಿ ವೀರನೊಬ್ಬ ಮಹಡಿಯಿಂದ ಮಹಡಿಗೆ ಜಿಗಿಯುತ್ತ ಎದುರು ಬಂದವರನ್ನೆಲ್ಲ ಬಡಿಯುತ್ತಿದ್ದ. 'ಬಾರ್ಲಾ ಮಗ, ಮಂಗಳಾರತಿ ಆಯ್ತದೆ' ಎಂದು ಅಜ್ಜಿ ಕರೆದರೆ, 'ತಡಿಯಜ್ಜಿ, ಇನ್ನೂ ಒಂದ್ ಲೈಫ್ ಅದೆ' ಎಂದ. ನಮಗೆ ನಗು ಬಂತು. ಎದುರಿಗಿದ್ದ ನದಿಯ ಕಡೆ ನೋಡಿದ ಮೇಲೆ ಆ ನಗು ಉಳಿಯಲಿಲ್ಲ. ಮುತ್ತತ್ತಿಯ ನೀರು ಸುಳಿಗಳಿಗೆ ಹೆಸರಾದದ್ದು. ರಜೆಯ ದಿನ ಬಂದ ಹುಡುಗರು ಈಜಲು ಇಳಿದು ಮುಳುಗಿದ ಸುದ್ದಿ ಪತ್ರಿಕೆಗಳಲ್ಲಿ ಎಷ್ಟು ಸಲ ಬಂದಿಲ್ಲ! ಆ ನೀರಿನಲ್ಲಿ ಯಾರಿಗೂ ಇನ್ನೊಂದು ಲೈಫ್ ಇಲ್ಲ.

ಹಾಗೆಂದು ಮೊಬೈಲನ್ನೂ ಮಕ್ಕಳನ್ನೂ ಬೈದು ಮುಗಿಸುವುದು ನಮ್ಮ ಉದ್ದೇಶವಲ್ಲ. ಬಯ್ಯುವುದು ಸುಲಭ. ನಮ್ಮನ್ನು ಕಾಡಿದ್ದು ಬೇರೆಯೇ ಪ್ರಶ್ನೆ. ದೊಡ್ಡ ಕಥೆಯ ವೀರನೊಬ್ಬನನ್ನು ಅಂಗೈಯಗಲದ ಆಟಕ್ಕೆ ಇಳಿಸುವಾಗ ಏನು ಉಳಿಯುತ್ತದೆ, ಏನು ಕಳೆಯುತ್ತದೆ? ಈ ಪ್ರಶ್ನೆಗೆ ನಾವು ತಿಳಿದುದಕ್ಕಿಂತ ಉದ್ದದ ಇತಿಹಾಸವಿದೆ.

ಹತ್ತಿರದ ಕಾಲದಿಂದಲೇ ಆರಂಭಿಸೋಣ. 1989ರ ಏಪ್ರಿಲ್‌ನಲ್ಲಿ ಜಪಾನಿನ ನಿಂಟೆಂಡೊ ಕಂಪೆನಿ 'ಗೇಮ್ ಬಾಯ್' ಎಂಬ ಪುಟ್ಟ ಯಂತ್ರವನ್ನು ಮಾರುಕಟ್ಟೆಗೆ ತಂದಿತು. ಅದನ್ನು ರೂಪಿಸಿದ ತಂಡದ ಮುಖ್ಯಸ್ಥ ಗುನ್‌ಪೇ ಯೊಕೊಯ್. ನಾಲ್ಕು ಸಣ್ಣ ಬ್ಯಾಟರಿ ಸೆಲ್ಲುಗಳಿಂದ ನಡೆಯುವ ಯಂತ್ರ ಅದು. ಪರದೆಯಲ್ಲಿ ಅಡ್ಡಕ್ಕೆ 160, ಉದ್ದಕ್ಕೆ 144 ಚುಕ್ಕಿಗಳು. ಬಣ್ಣವಿಲ್ಲ, ಒಂದೇ ಮಸುಕು ಹಸಿರಿನ ನಾಲ್ಕು ಛಾಯೆಗಳಷ್ಟೆ. ಅದೇ ವರ್ಷದ ಜೂನ್‌ನಲ್ಲಿ ಅಮೆರಿಕದಲ್ಲಿ ಟಿಮ್ ಬರ್ಟನ್ ನಿರ್ದೇಶನದ 'ಬ್ಯಾಟ್‌ಮ್ಯಾನ್' ಚಿತ್ರ ತೆರೆಕಂಡಿತು. ಮರುವರ್ಷ, 1990ರಲ್ಲಿ, ಸನ್‌ಸಾಫ್ಟ್ ಎಂಬ ಜಪಾನಿ ಸಂಸ್ಥೆ ಆ ಚಿತ್ರವನ್ನು ಗೇಮ್ ಬಾಯ್‌ಗೆ ಇಳಿಸಿತು. ಸೂಪರ್ ಹೀರೋ ಸಿನಿಮಾ ಅಂಗೈಗೆ ಬಂದ ಮೊದಮೊದಲ ಉದಾಹರಣೆಗಳಲ್ಲಿ ಇದೂ ಒಂದು.

ಆ ಆಟದಲ್ಲಿ ಒಂದು ವಿಚಿತ್ರ ಸಂಗತಿ ಇದೆ. ಬ್ಯಾಟ್‌ಮ್ಯಾನ್ ಯಾರು? ಬಾಲ್ಯದಲ್ಲಿ ತಂದೆತಾಯಿ ತನ್ನ ಕಣ್ಣೆದುರೇ ಗುಂಡೇಟಿಗೆ ಬಲಿಯಾದುದನ್ನು ಕಂಡವನು. ಆ ಕಾರಣಕ್ಕೇ ಬಂದೂಕು ಮುಟ್ಟುವುದಿಲ್ಲ ಎಂಬ ವ್ರತ ಕಾಮಿಕ್ಸ್‌ಗಳಲ್ಲಿ ಅವನ ಗುರುತಾಗಿ ಬೆಳೆದುಬಂತು. ಗೇಮ್ ಬಾಯ್ ಆಟದಲ್ಲಾದರೋ ಅವನು ಉದ್ದಕ್ಕೂ ಗುಂಡು ಹಾರಿಸುತ್ತಲೇ ಓಡುತ್ತಾನೆ! ಚಿಕ್ಕ ಪರದೆಯಲ್ಲಿ ಚಿಕ್ಕ ಬೊಂಬೆ. ದೂರದಿಂದ ಹೊಡೆಯುವ ಆಟಕ್ಕೆ ಬಂದೂಕು ಸಲೀಸು ಎಂದು ತಯಾರಕರಿಗೆ ತೋರಿರಬಹುದು. ಯಂತ್ರದ ಇಕ್ಕಟ್ಟಿನಲ್ಲಿ ಬಣ್ಣ ಹೋದರೆ ದೊಡ್ಡ ನಷ್ಟವಿಲ್ಲ. ಇಲ್ಲಿ ಹೋದದ್ದು ವೀರನ ವ್ರತ.

ಇನ್ನೊಂದು ಉದಾಹರಣೆ 2004ರದು. 'ಸ್ಪೈಡರ್-ಮ್ಯಾನ್ 2' ಚಿತ್ರಕ್ಕೆ ಆಧಾರವಾಗಿ ಆ ವರ್ಷ ಒಂದೇ ಹೆಸರಿನ ಹಲವು ಆಟಗಳು ಬಂದವು. ಟಿ.ವಿ.ಗೆ ಜೋಡಿಸುವ ದೊಡ್ಡ ಯಂತ್ರಗಳಿಗೆ ಟ್ರೇಆರ್ಕ್ ಸಂಸ್ಥೆ ಮಾಡಿದ ಆಟದಲ್ಲಿ ಇಡೀ ನಗರವೇ ಆಟಗಾರನ ಎದುರಿಗಿತ್ತು. ಅಲ್ಲಿ ಬೀದಿಬದಿಯಲ್ಲಿ ಮಗುವೊಂದು ಅಳುತ್ತಿರುತ್ತದೆ. ಕೈಯಿಂದ ಜಾರಿದ ಬಲೂನು ಆಕಾಶಕ್ಕೆ ಏರುತ್ತಿರುತ್ತದೆ. ಮಹಾವೀರ ಸ್ಪೈಡರ್-ಮ್ಯಾನ್ ಕಟ್ಟಡಗಳನ್ನು ಹತ್ತಿ ಬಲೂನನ್ನು ಹಿಡಿದು ತಂದು ಮಗುವಿಗೆ ಕೊಡಬೇಕು. ಹಲವರು ಈ ಬಲೂನಿನ ಕೆಲಸವನ್ನು ಹಾಸ್ಯ ಮಾಡಿದರು. ಆದರೆ ಆ ಆಟವನ್ನು ನೆನೆಯುವವರು ಇಂದಿಗೂ ಅದನ್ನು ಮರೆತಿಲ್ಲ. ಅದೇ ವರ್ಷದ ನವೆಂಬರ್‌ನಲ್ಲಿ ನಿಂಟೆಂಡೊ ಹೊರತಂದ ಎರಡು ಪರದೆಗಳ 'ಡಿಎಸ್' ಯಂತ್ರಕ್ಕೂ 'ಸ್ಪೈಡರ್-ಮ್ಯಾನ್ 2' ಬಂತು. ಇದನ್ನು ಮಾಡಿದ್ದು ಭಾರತೀಯ ಮೂಲದ ಸೋದರರಾದ ಕಾರ್ತಿಕ್ ಬಾಲ ಮತ್ತು ಗುಹಾ ಬಾಲ ಅಮೆರಿಕದಲ್ಲಿ ಕಟ್ಟಿದ ವೈಕೇರಿಯಸ್ ವಿಷನ್ಸ್ ಸಂಸ್ಥೆ. ಚಿಕ್ಕ ಯಂತ್ರದಲ್ಲಿ ನಗರ ಹಿಡಿಸುವುದಿಲ್ಲವಲ್ಲ. ಹೀಗಾಗಿ ಆಟ ಒಂದು ಬದಿಯಿಂದ ಇನ್ನೊಂದು ಬದಿಗೆ ಸಾಗುವ ಹೊಡೆದಾಟವಾಯಿತು. ಯುದ್ಧ ಉಳಿಯಿತು, ಮಗುವಿನ ಬಲೂನಿಗೆ ಜಾಗ ಸಿಗಲಿಲ್ಲ.

ಇಲ್ಲಿ ಮುತ್ತತ್ತಿಯ ಅಜ್ಜಿಯರನ್ನು ನೆನೆಯಬೇಕು. ಅವರೂ ರಾಮಾಯಣವನ್ನು ಚಿಕ್ಕದು ಮಾಡಿದವರೇ. ಸಮುದ್ರ ಲಂಘನ, ಲಂಕಾದಹನ, ಸಂಜೀವಿನಿ ಪರ್ವತ ಇವುಗಳನ್ನೆಲ್ಲ ಬದಿಗಿಟ್ಟು ತಮ್ಮ ಊರಿನ ಅಳತೆಗೆ ಅವರು ಆರಿಸಿಕೊಂಡದ್ದು ಯಾವುದನ್ನು? ಒಬ್ಬ ಹೆಣ್ಣುಮಗಳ ಮೂಗುತಿಯ ಮುತ್ತನ್ನು. ಬೆಟ್ಟ ಎತ್ತಿದವನು ಮುತ್ತು ಎತ್ತಿದ. ಬಲ ಇರುವುದು ಯಾರಿಗಾಗಿ ಎಂಬುದನ್ನು ಮಾತ್ರ ಉಳಿಸಿಕೊಂಡು ಮಿಕ್ಕಿದ್ದನ್ನು ಬಿಟ್ಟರು. ಆಟದ ಕಂಪೆನಿಗಳು ಮಾಡಿದ್ದು ಇದಕ್ಕೆ ತದ್ವಿರುದ್ಧ. ಅವು ಬಲವನ್ನು ಉಳಿಸಿಕೊಂಡು, ಯಾರಿಗಾಗಿ ಎಂಬುದನ್ನು ಬಿಟ್ಟವು. ವ್ಯತ್ಯಾಸ ಇರುವುದು ಗಾತ್ರದಲ್ಲಲ್ಲ, ಆಯ್ಕೆಯಲ್ಲಿ.

ವೀರರನ್ನು ಅಂಗೈಯಲ್ಲಿ ಹಿಡಿದು ಆಡುವುದು ನಮ್ಮ ನೆಲಕ್ಕೆ ಹೊಸದೂ ಅಲ್ಲ. ಪರ್ಷಿಯಾದ ಕಡೆಯಿಂದ ಬಂದ ಗಂಜಿಫಾ ಎಂಬ ದುಂಡನೆಯ ಎಲೆಗಳ ಆಟವನ್ನು ಮೊಗಲರು ಇಲ್ಲಿ ಬೆಳೆಸಿದರು. 1527ರಲ್ಲಿ ಸಿಂಧ್‌ನ ಶಾಹ್ ಹಸನನಿಗೆ ಗಂಜಿಫಾ ಎಲೆಗಳನ್ನು ಕಳಿಸಿದ ವಿಷಯವನ್ನು ಬಾಬರ್ ತನ್ನ ಆತ್ಮಕಥೆಯಲ್ಲಿ ಬರೆದಿದ್ದಾನೆ. ಅದೇ ಆಟ ಮುಂದೆ ದಶಾವತಾರದ ವೇಷ ತೊಟ್ಟಿತು: ಹತ್ತು ಅವತಾರಗಳಿಗೆ ತಲಾ 12ರಂತೆ 120 ಎಲೆಗಳು. ಮೈಸೂರಿನಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರು ಪುರಾಣದ ದೇವತೆಗಳನ್ನೂ ಗ್ರಹಗಳನ್ನೂ ಇಟ್ಟುಕೊಂಡು 'ಚದ' ಎಂಬ ಹೊಸ ಹೊಸ ಎಲೆಯಾಟಗಳನ್ನು ಕಟ್ಟಿದರು. 1868ರಲ್ಲಿ ಅವರು ತೀರಿಕೊಂಡ ಮೇಲೆ ಈ ಕಲೆ ಸೊರಗಿತು. ನಮ್ಮ ಕಾಲದಲ್ಲಿ ಗಂಜಿಫಾ ರಘುಪತಿ ಭಟ್ಟರಂಥವರು ಅದಕ್ಕೆ ಮತ್ತೆ ಜೀವ ಕೊಟ್ಟರು. ಮೈಸೂರು ಗಂಜಿಫಾಕ್ಕೆ ಭೌಗೋಳಿಕ ಗುರುತೂ ದೊರೆತಿದೆ. ಪಾರ್ಸಿ ಹೆಸರು, ಮೊಗಲರ ಪೋಷಣೆ, ಪುರಾಣದ ವೀರರು, ಮೈಸೂರಿನ ಬಣ್ಣ: ಇವಿಷ್ಟೂ ಒಂದು ಅಂಗೈಯಲ್ಲಿ ಕೂಡಿದ್ದವು. ಇದು ಯಾರ ಆಟ ಎಂದು ಕೇಳಿದರೆ ಏನು ಹೇಳುವುದು?

ಗೇಮ್ ಬಾಯ್ ಮಾಡಿದ ನಿಂಟೆಂಡೊ ಕೂಡ ಹುಟ್ಟಿದ್ದು ಎಲೆಯಾಟದ ಅಂಗಡಿಯಾಗಿಯೇ. 1889ರಲ್ಲಿ ಕ್ಯೋಟೊ ನಗರದಲ್ಲಿ ಫುಸಾಜಿರೊ ಯಮವುಚಿ ಎಂಬವರು 'ಹನಫುದ' ಎಂಬ ಹೂವಿನ ಚಿತ್ರದ ಎಲೆಗಳನ್ನು ಕೈಯಲ್ಲೇ ತಯಾರಿಸಿ ಮಾರಲು ಆರಂಭಿಸಿದರು. ಅದರ ಸರಿಯಾಗಿ ನೂರು ವರ್ಷಕ್ಕೆ ಗೇಮ್ ಬಾಯ್ ಬಂತು.

ಉರ್ದು ಓದಿ ಬೆಳೆದ ನಮಗೆ ಅಮೀರ್ ಹಮ್ಜಾನ ದಾಸ್ತಾನ್ ನೆನಪಾಗದೆ ಇರುವುದಿಲ್ಲ. ಅಕ್ಬರ್ 1560ರ ದಶಕದಲ್ಲಿ ಆರಂಭಿಸಿ ಸುಮಾರು 15 ವರ್ಷಗಳ ಕಾಲ ಈ ಕಥೆಗೆ ಬಟ್ಟೆಯ ಮೇಲೆ ದೊಡ್ಡ ದೊಡ್ಡ ಚಿತ್ರಗಳನ್ನು ಬರೆಸಿದ. ಅವು ಸುಮಾರು 1,400. ಸಭೆಯಲ್ಲಿ ಚಿತ್ರವನ್ನು ಎತ್ತಿ ಹಿಡಿಯುತ್ತಿದ್ದರು, ಕಥೆ ಓದುತ್ತಿದ್ದರು. ಆ ಕಾಲದ ದೊಡ್ಡ ಪರದೆ ಅದು! 1883ರಿಂದ ಲಖನೌದ ನವಲ್ ಕಿಶೋರ್ ಮುದ್ರಣಾಲಯ 'ತಿಲಿಸ್ಮೆ ಹೋಶ್‌ರುಬಾ'ದ ಭಾರಿ ಸಂಪುಟಗಳನ್ನು ಅಚ್ಚು ಹಾಕಿತು. ಮುಸ್ಲಿಮ್ ವೀರನ ಈ ಕಥೆಗಳನ್ನು ಮನೆಮನೆಗೆ ಮುಟ್ಟಿಸಿದವರು ಮುನ್ಷಿ ನವಲ್ ಕಿಶೋರ್ ಎಂಬ ಹಿಂದೂ ಪ್ರಕಾಶಕರು. ಅದೇ ಕಥೆಗಳು ಮುಂದೆ ಮಕ್ಕಳ ಕೈಗೆ ತೆಳ್ಳನೆಯ ಪುಸ್ತಿಕೆಗಳಾಗಿ ಬಂದವು. ತಿಲಿಸ್ಮ್ ಎಂದರೆ ಮಾಂತ್ರಿಕನೊಬ್ಬ ಕಟ್ಟಿದ ಮಾಯಾಲೋಕ. ಅದರೊಳಗೆ ಸಿಕ್ಕಿಕೊಂಡ ವೀರ ಒಂದೊಂದೇ ಹಂತ ದಾಟಬೇಕು. ದಾಟುವ ಉಪಾಯ 'ಲೌಹ್' ಎಂಬ ಫಲಕದಲ್ಲಿ ಬರೆದಿರುತ್ತದೆ. ಇಂದಿನ ಹುಡುಗರಿಗೆ ಇದನ್ನು ವಿವರಿಸಬೇಕಾಗಿಯೇ ಇಲ್ಲ; ವೀಡಿಯೋ ಗೇಮ್ ಎಂದರೆ ಇದೇ.

ಇಂಥ ರಂಜನೆಯ ಬಗ್ಗೆ ಹಿರಿಯರ ಕೋಪವೂ ಹೊಸದಲ್ಲ. 1870ರ ದಶಕದ ಡೆಪ್ಯುಟಿ ನಜೀರ್ ಅಹ್ಮದರ ಪ್ರಸಿದ್ಧ ಕಾದಂಬರಿ 'ತೌಬತುನ್ನಸೂಹ್'ದಲ್ಲಿ, ಪಶ್ಚಾತ್ತಾಪಗೊಂಡ ತಂದೆ ಮಗನ ಕಾವ್ಯ ಕಿಸ್ಸೆಗಳ ಪುಸ್ತಕಗಳನ್ನು ಬೆಂಕಿಗೆ ಹಾಕುತ್ತಾನೆ. ಆದರೆ ಬೆಂಕಿಯಿಂದ ಮಗ ತಿದ್ದಿಕೊಳ್ಳುವುದಿಲ್ಲ. ಅವನು ಮನೆಯನ್ನೇ ಬಿಟ್ಟು ಹೋದವನು. ಮಕ್ಕಳ ಕೈಯಿಂದ ಮೊಬೈಲ್ ಕಸಿದು ಬಿಸಾಡುವ ತಂದೆತಾಯಿ ಈ ಪ್ರಸಂಗವನ್ನು ಒಮ್ಮೆ ಓದಬೇಕು.

ಈಗ ಮತ್ತೆ ಹನುಮಂತನ ಕಡೆ ಬರೋಣ. 2005ರಲ್ಲಿ 'ಹನುಮಾನ್' ಎಂಬ ಭಾರತೀಯ ಅನಿಮೇಷನ್ ಚಿತ್ರ ಮಕ್ಕಳನ್ನು ಗೆದ್ದಿತು. 2009ರಲ್ಲಿ ಸೋನಿ ಕಂಪೆನಿ 'ಹನುಮಾನ್: ಬಾಯ್ ವಾರಿಯರ್' ಎಂಬ ಆಟವನ್ನು ಹೊರತಂದಿತು. ಇದು ಆ ಚಿತ್ರದ ರೂಪಾಂತರವೂ ಅಲ್ಲ, ಅಂಗೈಯಲ್ಲಿ ಹಿಡಿಯುವಂಥದೂ ಅಲ್ಲ, ಟಿ.ವಿ.ಗೆ ಜೋಡಿಸುವ ಪ್ಲೇಸ್ಟೇಷನ್ 2 ಯಂತ್ರಕ್ಕೆ ಹೈದರಾಬಾದಿನ ಅರೋನಾ ಸಂಸ್ಥೆ ಮಾಡಿದ ಆಟ. ಭಕ್ತರು ಪೂಜಿಸುವ ದೇವರನ್ನು ಆಟಗಾರನ ಗುಂಡಿಗಳ ಅಧೀನಕ್ಕೆ ಒಪ್ಪಿಸುವುದು ತಪ್ಪು ಎಂದು ಅಮೆರಿಕದ ಹಿಂದೂ ಸಂಘಟನೆಯೊಂದರ ಮುಖಂಡರು ಆಕ್ಷೇಪಿಸಿ, ಆಟವನ್ನು ಹಿಂದಕ್ಕೆ ಪಡೆಯಲು ಕೇಳಿದರು.

ಆ ನೋವನ್ನು ನಾವು ಹಗುರವಾಗಿ ಕಾಣಲಾರೆವು. ನಮಗೆ ಪೂಜ್ಯರಾದವರನ್ನು ಹಾಗೆ ಮಾಡಿದರೆ ನಮಗೂ ನೋವಾಗುತ್ತದೆ. ನಮ್ಮ ನೋವಿಗೆ ಬೆಲೆ ಕೇಳುವವರು ನೆರೆಯವರ ನೋವಿಗೂ ಬೆಲೆ ಕೊಡಬೇಕು. ಆದರೂ ಒಂದು ಮಾತು. ಮಂಡ್ಯ ಸೀಮೆಯ ತೊಗಲುಗೊಂಬೆಯವರು ತಲೆತಲಾಂತರದಿಂದ ಕೋಲು ಹಿಡಿದು ಹನುಮಂತನನ್ನು ಕುಣಿಸಿದ್ದಾರೆ, ಹಾರಿಸಿದ್ದಾರೆ. ಅಲ್ಲೂ ಹನುಮಂತ ಇರುವುದು ಮನುಷ್ಯನ ಕೈಯಲ್ಲೇ. ಅದು ಅಪಚಾರ ಅನ್ನಿಸದಿರಲು ಕಾರಣ, ಗೊಂಬೆಯಾಡಿಸುವವನು ಕಥೆಯನ್ನೂ ಹಾಡುತ್ತಿದ್ದ. ಹನುಮಂತ ಯಾರಿಗಾಗಿ ಹಾರುತ್ತಿದ್ದಾನೆ ಎಂಬುದು ನೋಡುವ ಪ್ರತಿ ಮಗುವಿಗೂ ಗೊತ್ತಿರುತ್ತಿತ್ತು.

ನಮ್ಮವರ ಕೈಗಳು ಈಗ ಈ ಉದ್ಯಮದಲ್ಲೂ ಇವೆ. ರಾವಣನ ಹೆಸರಿನ ಖಳನಾಯಕ ವೀಡಿಯೋ ಗೇಮ್‌ನಿಂದ ಹೊರಬರುವ ಕಥೆಯ 'ರಾ.ಒನ್' ಚಿತ್ರ 2011ರಲ್ಲಿ ಬಂದಾಗ ಅದರ ಆಟಗಳೂ ಬಂದವು. ಅದರ ನಾಯಕ ಜಿ.ಒನ್, ಹೆಸರಿನಲ್ಲಿ ಅಡಗಿದ್ದ ಶ್ಲೇಷೆ 'ಜೀವನ್'. 2013ರಲ್ಲಿ ಸೂಪರ್ ಹೀರೋ ಚಿತ್ರ 'ಕ್ರಿಶ್ 3' ಮೊಬೈಲ್ ಆಟವಾಯಿತು. ಅದೇ ವರ್ಷ ನಮ್ಮ ಉಡುಪಿಯ 99ಗೇಮ್ಸ್ ಸಂಸ್ಥೆ 'ಧೂಮ್ 3' ಚಿತ್ರವನ್ನು ಮೊಬೈಲಿಗೆ ಇಳಿಸಿತು. ಜಗತ್ತಿನ ಮಕ್ಕಳು ಆಡುವ ಆಟವನ್ನು ಉಡುಪಿಯಲ್ಲಿ ಕೂತು ಮಾಡಬಲ್ಲವರು ನಮ್ಮಲ್ಲಿದ್ದಾರೆ ಎಂಬುದು ಹೆಮ್ಮೆಯ ಮಾತು. ಹಾಗಿದ್ದ ಮೇಲೆ ಮುತ್ತತ್ತಿಯ ಅಜ್ಜಿಯರ ಆಯ್ಕೆಯನ್ನೂ ಅವರು ಕಲಿಯಬಾರದೇಕೆ? ಒಬ್ಬರ ಅಳು ನಿಲ್ಲಿಸಿದರೆ ಗೆದ್ದಂತೆ ಎನ್ನುವ ಆಟ ಅಂಗೈಯಲ್ಲಿ ಹಿಡಿಸಲಾರದಷ್ಟು ದೊಡ್ಡದೇನಲ್ಲ.

ಮುತ್ತತ್ತಿಯಿಂದ ಹೊರಡುವ ಹೊತ್ತಿಗೆ ಆ ಹುಡುಗನ ಮೊಬೈಲಿನ ಚಾರ್ಜು ಮುಗಿದಿತ್ತು. ಅಜ್ಜಿ ಅವನಿಗೆ ಮುತ್ತೆತ್ತಿದ ಕಥೆ ಹೇಳುತ್ತಿದ್ದಳು. ಹುಡುಗ ಕೇಳಿದ, 'ಆ ಮುತ್ತಿಗೆ ಎಷ್ಟ್ ಪಾಯಿಂಟಜ್ಜಿ?' ಅಜ್ಜಿ, 'ಪಾಯಿಂಟಲ್ಲ ಕನ್ಲಾ, ಅದು ಸೀತವ್ವನ ಮೂಗ್ತಿದು' ಎಂದಳು.

ಪಕ್ಕದಲ್ಲಿ ಕೂತಿದ್ದ ನಾವೂ ಆ ಕಥೆಯನ್ನು ಪೂರ್ತಿ ಕೇಳಿಸಿಕೊಂಡೆವು. ನೀವು ಯಾರು, ಯಾವ ಪೈಕಿ ಎಂದು ಆಕೆ ಕೇಳಲಿಲ್ಲ. ನೆರೆಯವರ ವೀರನ ಕಥೆಯನ್ನು ಹೀಗೆ ಕೇಳುವ, ನಮ್ಮ ಹಮ್ಜಾನ ಕಥೆಯನ್ನು ಅವರಿಗೆ ಹೇಳುವ ಕಟ್ಟೆಗಳು ಇನ್ನೂ ಉಳಿದಿವೆ. ಮಕ್ಕಳ ಕೈಯ ಯಂತ್ರವನ್ನು ಕಸಿಯುವ ಬದಲು, ಅವರ ಪಕ್ಕ ಕೂತು ಆ ವೀರ ಯಾರಿಗಾಗಿ ಓಡುತ್ತಿದ್ದಾನೆಂದು ಕೇಳಬಹುದಲ್ಲವೆ? ಉತ್ತರ ಅವರಿಗೆ ತಿಳಿಯದಿದ್ದರೆ ಹೇಳಲು ನಮ್ಮ ಬಳಿ ಕಥೆಗಳಿವೆ.