ಹೂಲಿಯ ಕಲ್ಲು, ಭರದ್ವಾಜರ ವಿಮಾನ

ಬೆಳಗಾವಿ ಜಿಲ್ಲೆಯ ಸವದತ್ತಿಗೆ ಸಮೀಪ, ಗುಡ್ಡದ ಬುಡದಲ್ಲಿರುವ ಹೂಲಿ ಹಳೆಯ ದೇವಾಲಯಗಳ ಊರು. ಪಂಚಲಿಂಗೇಶ್ವರ, ಅಂಧಕೇಶ್ವರ, ತಾರಕೇಶ್ವರ, ಮದನೇಶ್ವರ ಮೊದಲಾದ ಗುಡಿಗಳು ಇಲ್ಲಿವೆ. ಕೆಲವು ನಿಂತಿವೆ, ಕೆಲವು ಕುಸಿದಿವೆ. ಕಲ್ಯಾಣ ಚಾಲುಕ್ಯರ ಕಾಲದ ಇಂಥ ಗುಡಿಗಳನ್ನು ಕಟ್ಟಿದವರು ಯಾರೆಂದು ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಕೇಳಿದರೆ ಸಾಮಾನ್ಯವಾಗಿ ಬರುವ ಉತ್ತರ ‘ಜಕಣಾಚಾರಿ’ ಎಂಬುದು. ಕನ್ನಡಿಯಂತೆ ಹೊಳೆಯುವ ಕಂಬಗಳನ್ನು ಕಂಡಾಗ, ಇದು ಬರೀ ಉಳಿ ಸುತ್ತಿಗೆಗಳ ಕೆಲಸವಲ್ಲ, ಇದರ ಹಿಂದೆ ಈಗ ಕಳೆದುಹೋಗಿರುವ ಯಾವುದೋ ಗುಪ್ತವಿದ್ಯೆ ಇದ್ದಿರಬೇಕು ಎಂದೂ ಅನ್ನಿಸುವುದುಂಟು.

ಕಳೆದುಹೋದ ವಿದ್ಯೆಯೊಂದು ಎಲ್ಲೋ ಗ್ರಂಥರೂಪದಲ್ಲಿ ಅಡಗಿದೆ ಎಂಬ ಈ ಆಸೆಗೆ ಇಪ್ಪತ್ತನೆಯ ಶತಮಾನದಲ್ಲಿ ಕರ್ನಾಟಕದಲ್ಲಿಯೇ ಒಂದು ಪುಸ್ತಕ ದೊರಕಿತು. ಅದೇ ‘ವೈಮಾನಿಕ ಶಾಸ್ತ್ರ’.

ಆನೇಕಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ ಇದನ್ನು ಬಾಯಲ್ಲಿ ಹೇಳಿದರು, ಜಿ. ವೆಂಕಟಾಚಲ ಶರ್ಮರು ಬರೆದುಕೊಂಡರು. ಇದು ಭರದ್ವಾಜ ಮಹರ್ಷಿಗಳ ‘ಯಂತ್ರ ಸರ್ವಸ್ವ’ದ ಒಂದು ಭಾಗವೆಂದೂ ದಿವ್ಯಾನುಗ್ರಹದಿಂದ ಶಾಸ್ತ್ರಿಗಳಿಗೆ ಗೋಚರಿಸಿತೆಂದೂ ಹೇಳಲಾಯಿತು. ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ವಿಮಾನಗಳ ವರ್ಣನೆ ಇದರಲ್ಲಿದೆ. ತ್ರಿಪುರವಂತೂ ನೆಲ, ನೀರು, ಆಕಾಶ ಮೂರರಲ್ಲೂ ಸಂಚರಿಸಬಲ್ಲದು! ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜಿನಲ್ಲಿ ನಕ್ಷೆಗಾರರಾಗಿದ್ದ ಎಲ್ಲಪ್ಪನವರು ಶಾಸ್ತ್ರಿಗಳು ಹೇಳಿದಂತೆ ಇವುಗಳ ಚಿತ್ರ ಬರೆದರು. 1959ರಲ್ಲಿ ಹಿಂದಿಯಲ್ಲಿಯೂ 1973ರಲ್ಲಿ ಮೈಸೂರಿನ ಜಿ.ಆರ್. ಜೋಸ್ಯರ್ ಅವರ ಇಂಗ್ಲಿಷ್ ಅನುವಾದದೊಡನೆಯೂ ಗ್ರಂಥ ಪ್ರಕಟವಾಯಿತು. ಋಷಿಗಳು ವಿಮಾನ ಕಟ್ಟಿದ್ದರೆಂಬ ಸುದ್ದಿ ದೇಶವಿದೇಶಗಳಲ್ಲಿ ಹರಡಿತು.

ಅದನ್ನು ಒರೆಗೆ ಹಚ್ಚಿದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ. 1974ರಲ್ಲಿ ಎಚ್.ಎಸ್. ಮುಕುಂದ, ಎಸ್.ಎಂ. ದೇಶಪಾಂಡೆ, ಎಚ್.ಆರ್. ನಾಗೇಂದ್ರ, ಎ. ಪ್ರಭು ಮತ್ತು ಎಸ್.ಪಿ. ಗೋವಿಂದರಾಜು ಎಂಬ ಐವರು ವಿದ್ವಾಂಸರು ತಮ್ಮ ಅಧ್ಯಯನವನ್ನು ಪ್ರಕಟಿಸಿದರು. ಅವರ ಪರೀಕ್ಷೆ ಎರಡು ಬಗೆಯದು. ಒಂದು, ಭಾಷೆಯದು. ಗ್ರಂಥದ ಸಂಸ್ಕೃತ ವೈದಿಕ ಕಾಲದ್ದಲ್ಲ, ಸರಳವಾದ ಆಧುನಿಕ ಸಂಸ್ಕೃತ. ಇನ್ನೊಂದು, ಯಂತ್ರಶಾಸ್ತ್ರದ್ದು. ವರ್ಣಿತವಾದ ಯಾವ ವಿಮಾನಕ್ಕೂ ಹಾರುವ ಗುಣವಿಲ್ಲ. ಅವುಗಳ ಆಕಾರ ಹಾರಾಟಕ್ಕೆ ನೆರವಾಗುವ ಬದಲು ಅಡ್ಡಿಯಾಗುತ್ತದೆ. ಕೃತಿ ಹುಟ್ಟಿದ್ದು 1900ರಿಂದ 1922ರ ನಡುವೆ ಎಂಬುದು ಅವರ ತೀರ್ಮಾನ. ಅಮೆರಿಕದಲ್ಲಿ ರೈಟ್ ಸಹೋದರರು ವಿಮಾನ ಹಾರಿಸಿದ್ದು 1903ರಲ್ಲಿ ಎಂಬುದನ್ನು ಇಲ್ಲಿ ನೆನೆಯಬಹುದು.

ಶಾಸ್ತ್ರಿಗಳು ಮೋಸಗಾರರೆಂದು ಇದರ ಅರ್ಥವಲ್ಲ. ಅವರು ನಂಬಿಯೇ ಹೇಳಿರಬಹುದು. ಆದರೆ ಹೇಳಿದವರ ನಂಬಿಕೆಯಿಂದ ಗ್ರಂಥದ ವಯಸ್ಸು ಹೆಚ್ಚುವುದಿಲ್ಲ. ಅಧ್ಯಯನ ಬಂದು ನಾಲ್ಕು ದಶಕ ಕಳೆದ ಮೇಲೂ, 2015ರಲ್ಲಿ ಮುಂಬಯಿಯ ಭಾರತೀಯ ವಿಜ್ಞಾನ ಕಾಂಗ್ರೆಸ್ಸಿನಲ್ಲಿ ಪ್ರಾಚೀನ ವಿಮಾನಗಳ ಕುರಿತ ಪ್ರಬಂಧವೊಂದು ಮಂಡಿತವಾಗಿ ವಿವಾದವೆದ್ದಿತು.

ಹಾಗಾದರೆ ನಮ್ಮ ಹಿರಿಯರು ಕುಶಲವಿದ್ಯೆಯ ಬಗ್ಗೆ ಏನನ್ನೂ ಬರೆಯಲಿಲ್ಲವೆ? ಬರೆದಿದ್ದಾರೆ. ಹನ್ನೊಂದನೆಯ ಶತಮಾನದಲ್ಲಿ ಧಾರಾನಗರದ ಭೋಜರಾಜ ತನ್ನ ‘ಸಮರಾಂಗಣ ಸೂತ್ರಧಾರ’ದಲ್ಲಿ ಪಾದರಸದ ಬಲದಿಂದ ಹಾರುವ ಮರದ ಹಕ್ಕಿಯನ್ನು ವರ್ಣಿಸಿದ್ದಾನೆ. ಆದರೆ ಯಂತ್ರಗಳನ್ನು ಕಟ್ಟುವ ವಿವರವನ್ನು ಬೇಕೆಂದೇ ಗುಟ್ಟಾಗಿಟ್ಟಿರುವುದಾಗಿ ಹೇಳಿಬಿಡುತ್ತಾನೆ. ಗುಟ್ಟೆಂದ ಮೇಲೆ ಒರೆಗೆ ಹಚ್ಚುವುದು ಹೇಗೆ?

ಅದೇ ಕಲ್ಯಾಣ ಚಾಲುಕ್ಯರ ದೊರೆ ಮೂರನೆಯ ಸೋಮೇಶ್ವರ ಸುಮಾರು 1129ರಲ್ಲಿ ರಚಿಸಿದ ‘ಮಾನಸೋಲ್ಲಾಸ’ದ ದಾರಿ ಬೇರೆ. ಲೋಹದ ವಿಗ್ರಹ ಎರಕ ಹೊಯ್ಯುವ ಕ್ರಮವನ್ನು ಅದು ಹಂತಹಂತವಾಗಿ ತಿಳಿಸುತ್ತದೆ. ಮೊದಲು ಮೇಣದ ಬೊಂಬೆ, ಅದರ ಮೇಲೆ ಮಣ್ಣಿನ ಲೇಪ, ಬಳಿಕ ಕಾಯಿಸಿ ಮೇಣ ಕರಗಿಸಿ ಆ ಟೊಳ್ಳಿಗೆ ಲೋಹ ಸುರಿಯುವುದು. ಬೆಳ್ಳಿಯಾದರೆ ಮೇಣದ ತೂಕದ 12 ಪಟ್ಟು, ಚಿನ್ನವಾದರೆ 16 ಪಟ್ಟು ಬೇಕೆಂಬ ಲೆಕ್ಕವೂ ಉಂಟು. ಇದರಲ್ಲಿ ಮಂತ್ರವಿಲ್ಲ, ಮಾಯೆಯಿಲ್ಲ. ತಕ್ಕಡಿ ಇದ್ದವರು ಯಾರು ಬೇಕಾದರೂ ತೂಗಿ ನೋಡಬಹುದು.

ಕಲ್ಲುಕುಟಿಗರ ವಿಷಯವೂ ಅಷ್ಟೆ. ಜಕಣಾಚಾರಿಯ ಕಥೆ ಜನಪ್ರಿಯ. ಆದರೆ ಶಾಸನಗಳು ಕೊಡುವ ಹೆಸರುಗಳು ಬೇರೆ. ಪಟ್ಟದಕಲ್ಲಿನ ವಿರೂಪಾಕ್ಷ ದೇವಾಲಯವನ್ನು ಕಟ್ಟಿದ ಗುಂಡ ಅನಿವಾರಿತಾಚಾರಿಗೆ ‘ತ್ರಿಭುವನಾಚಾರಿ’ ಎಂಬ ಬಿರುದು ಸಂದದ್ದನ್ನು ಅಲ್ಲಿನ ಕಲ್ಲೇ ಹೇಳುತ್ತದೆ. ಬೇಲೂರಿನ ಬೊಂಬೆಗಳಲ್ಲಿ ಬಳ್ಳಿಗಾವೆಯ ದಾಸೋಜನ ಹೆಸರಿದೆ. ಇವರು ಊರು, ಮನೆತನ ಉಳ್ಳ ಮನುಷ್ಯರು. ಗುರುವಿನ ಕೈಕೆಳಗೆ ಕಲಿತು ಹೆಸರು ಗಳಿಸಿದವರು.

ಕಟ್ಟುಗ್ರಂಥದಿಂದ ಆಗುವ ನಿಜವಾದ ನಷ್ಟ ಇಲ್ಲಿದೆ. ಹಾರದ ವಿಮಾನಕ್ಕೆ ಕೊಟ್ಟ ಕೀರ್ತಿ, ಉಳಿ ಹಿಡಿದು ದುಡಿದ ಕೈಗಳಿಂದ ಕಸಿದುಕೊಂಡ ಕೀರ್ತಿ. ಹೂಲಿಯ ಶಾಸನಗಳನ್ನು ಎಲ್.ಡಿ. ಬಾರ್ನೆಟ್ ಅವರು ‘ಎಪಿಗ್ರಾಫಿಯಾ ಇಂಡಿಕಾ’ದಲ್ಲಿ ಸಂಪಾದಿಸಿ ಪ್ರಕಟಿಸಿದ್ದಾರೆ. ಊರಿನ ಹಳೆಯ ಹೆಸರು ‘ಪೂಲಿ’ ಎಂಬುದು ತಿಳಿದದ್ದು ಅವುಗಳಿಂದ, ದಿವ್ಯದೃಷ್ಟಿಯಿಂದಲ್ಲ. ಪ್ರಾಚೀನರ ಜಾಣ್ಮೆಯನ್ನು ಕಾಣಬಯಸುವವರು ಹೂಲಿಯ ಗುಡಿಗಳ ಮುಂದೆ ಒಂದು ಗಳಿಗೆ ನಿಂತರೆ ಸಾಕು. ಅಲ್ಲಿನ ಕಲ್ಲಿಗೆ ಋಷಿಯ ಹೆಸರಿನ ಆಸರೆ ಬೇಕಾಗಿಲ್ಲ.